ಹೆಸರಲ್ಲಿ ‘ವ್ಯಾನ್’ ಇದ್ದರೆ ಸಾಕಾ? ಅಮೆರಿಕದ ಹಳೇ ಡಚ್ ಮನೆತನಗಳ ಬೇರು ಹುಡುಕುವುದು ಹೇಗೆ

ಪ್ರಶ್ನೆ: ನಮ್ಮ ಮಗಳು ನ್ಯೂಜೆರ್ಸಿಯ ಸಾಮರ್‌ಸೆಟ್ ಕೌಂಟಿಯಲ್ಲಿದ್ದಾಳೆ. ಅಳಿಯ ಅಮೆರಿಕದವರೇ, ಅವರ ಮನೆತನದ ಹೆಸರು ‘ವ್ಯಾನ್’ ಅಂತ ಶುರುವಾಗುತ್ತದೆ. ತಮ್ಮ ಹಿರಿಯರು 1650ರ ಸುಮಾರಿಗೆ ಡಚ್ಚರ ಜೊತೆ ಬಂದವರು, ಅಧ್ಯಕ್ಷ ರೂಸ್‌ವೆಲ್ಟ್ ತಮಗೆ ದೂರದ ನೆಂಟರು, ಮ್ಯಾನ್‌ಹಟನ್‌ನಲ್ಲಿ ತಮಗೂ ಒಂದು ಜಮೀನಿನ ಪಾಲು ಬರಬೇಕಿತ್ತು ಅಂತ ಬೀಗರು ಹೇಳುತ್ತಾರೆ. ಗೋಡೆಯ ಮೇಲೆ ಮನೆತನದ ಲಾಂಛನವನ್ನೂ ಹಾಕಿದ್ದಾರೆ. ಮೊಮ್ಮಗಳು ಶಾಲೆಗೆ ವಂಶವೃಕ್ಷ ಬರೆದುಕೊಂಡು ಹೋಗಬೇಕು. ಇದರಲ್ಲಿ ಎಷ್ಟು ನಿಜ, ಎಲ್ಲಿಂದ ಹುಡುಕಬೇಕು?

ಉತ್ತರ: 1650ರ ಮಾತು ನಿಜ ಇರಬಹುದು, ನಿಜವಾದರೆ ಅದನ್ನು ಕಾಗದದಲ್ಲಿ ತೋರಿಸುವುದಕ್ಕೂ ಆಗುತ್ತದೆ. ರೂಸ್‌ವೆಲ್ಟ್ ನೆಂಟಸ್ತಿಕೆಯೂ ಇರಬಹುದು, ಆದರೆ ಅದು ಅಷ್ಟೇನೂ ಅಪರೂಪದ ಸಂಗತಿಯಲ್ಲ. ಲಾಂಛನವನ್ನು ಸದ್ಯಕ್ಕೆ ಪಕ್ಕಕ್ಕಿಡಿ. ಮ್ಯಾನ್‌ಹಟನ್ ಜಮೀನಿನ ಕಥೆಯ ಹಿಂದೆ ಒಬ್ಬ ನಿಜವಾದ ಹೆಂಗಸು, ನಿಜವಾದ ಜಮೀನು ಎರಡೂ ಇವೆ. ಪಾಲು ಮಾತ್ರ ಇಲ್ಲ, ಯಾರಿಗೂ ಸಿಕ್ಕಿಲ್ಲ. ಅದರ ಬಗ್ಗೆ ಮುಂದೆ ವಿವರವಾಗಿ ಬರೆಯುತ್ತೇನೆ, ಯಾಕೆಂದರೆ ಆ ಕಥೆ ನಂಬಿ ದುಡ್ಡು ಕಳೆದುಕೊಂಡವರು ತುಂಬ ಜನ.

ಮೊಮ್ಮಗಳಿಗೆ ಒಂದೇ ಒಂದು ಮಾತು ಹೇಳುವುದಾದರೆ ಇದನ್ನು ಹೇಳಿ: ಅಪ್ಪನ ಮನೆತನದ ಹೆಸರು ಹಿಡಿದು ಹಿಂದಕ್ಕೆ ಹೋಗಬೇಡ, ತಾಯಂದಿರ ಹೆಸರು ಹಿಡಿದು ಹೋಗು. ಬೇರೆ ವಲಸಿಗರ ವಿಷಯದಲ್ಲಿ ಈ ಸಲಹೆ ಅಷ್ಟಾಗಿ ಕೆಲಸಕ್ಕೆ ಬರುವುದಿಲ್ಲ. ಡಚ್ಚರ ವಿಷಯದಲ್ಲಿ ಬರುತ್ತದೆ. ಯಾಕೆ ಅಂತ ತಿಳಿಯಬೇಕಾದರೆ ಇವರು ಅಲ್ಲಿಗೆ ಬಂದದ್ದು ಹೇಗೆ ಅಂತ ಸ್ವಲ್ಪ ನೋಡಬೇಕು.

1609ರಲ್ಲಿ ಹೆನ್ರಿ ಹಡ್ಸನ್ ಎಂಬ ಇಂಗ್ಲಿಷ್ ಕಪ್ತಾನ ಡಚ್ ಈಸ್ಟ್ ಇಂಡಿಯಾ ಕಂಪನಿಯ ಸಂಬಳಕ್ಕೆ ಏಷ್ಯಾಕ್ಕೆ ಹತ್ತಿರದ ದಾರಿ ಹುಡುಕುತ್ತಾ ಹೊರಟು, ಇವತ್ತು ಅವನ ಹೆಸರೇ ಇರುವ ನದಿಯೊಳಗೆ ಹೋದ. ಮೆಣಸಿಗಾಗಿ ನಮ್ಮ ಪಶ್ಚಿಮ ಕರಾವಳಿಗೆ ಬಂದು, 1663ರಲ್ಲಿ ಪೋರ್ಚುಗೀಸರಿಂದ ಕೊಚ್ಚಿ ಕಿತ್ತುಕೊಂಡಿತಲ್ಲ, ಅದೇ ಕಂಪನಿ. ಆದರೆ ಅಮೆರಿಕದ ವಸಾಹತು ನಡೆಸಿದ್ದು ಇದಲ್ಲ. ಅದಕ್ಕಾಗಿ 1621ರಲ್ಲಿ ವೆಸ್ಟ್ ಇಂಡಿಯಾ ಕಂಪನಿ ಅಂತ ಬೇರೆಯದೇ ಒಂದು ಹುಟ್ಟಿತು. ಅವರಿಗೆ ಬೇಕಾಗಿದ್ದು ಬೀವರ್ ಎಂಬ ಪ್ರಾಣಿಯ ತುಪ್ಪಳದ ತೊಗಲು. ಯುರೋಪಿನಲ್ಲಿ ಅದರ ಟೋಪಿಗೆ ಒಳ್ಳೆ ಬೆಲೆ ಇತ್ತು. ಊರು ಕಟ್ಟುವ ಯೋಚನೆ ಆಮೇಲಿನದು.

ವ್ಯಾಪಾರ ನಡೆಯಬೇಕಾದರೆ ಜನ ಬೇಕು, ಜನಕ್ಕೆ ಅನ್ನ ಬೇಕು, ಅದಕ್ಕೆ ರೈತ ಕುಟುಂಬಗಳು ಬೇಕು. 1624ರಲ್ಲಿ ಕಂಪನಿಯ ಹಡಗುಗಳಲ್ಲಿ ಸುಮಾರು 30 ಕುಟುಂಬಗಳು ಬಂದವು. ಇದರಲ್ಲಿ ಹೆಚ್ಚಿನವರು ಡಚ್ಚರೇ ಅಲ್ಲ! ಫ್ರೆಂಚ್ ಮಾತಾಡುವ ವಾಲೂನರು. ಇವತ್ತಿನ ಬೆಲ್ಜಿಯಂ ಮತ್ತು ಉತ್ತರ ಫ್ರಾನ್ಸಿನ ಪ್ರಾಟೆಸ್ಟೆಂಟರು, ಧರ್ಮದ ಕಾಟ ತಪ್ಪಿಸಿಕೊಂಡು ಹಾಲೆಂಡಿಗೆ ಬಂದು ಸೇರಿದ್ದವರು.

ಅವರ ಪೈಕಿ ಕ್ಯಾಟಲೀನಾ ಟ್ರಿಕೊ ಅಂತ ಒಬ್ಬ ಹುಡುಗಿ. ವಯಸ್ಸು ಹದಿನೆಂಟು. ಗಂಡ ಯೋರಿಸ್ ರಾಪಾಲ್ಯೆಗೆ ಹತ್ತೊಂಬತ್ತು. ಜನವರಿಯಲ್ಲಿ ಆಮ್‌ಸ್ಟರ್‌ಡ್ಯಾಂನಲ್ಲಿ ಮದುವೆ, ಕೆಲವೇ ದಿನದಲ್ಲಿ ಹಡಗು. ಇಬ್ಬರನ್ನೂ ನದಿಯ ಮೇಲಕ್ಕೆ, ಇವತ್ತಿನ ಆಲ್ಬನಿ ಇರುವ ಕಡೆ, ಫೋರ್ಟ್ ಆರೇಂಜ್ ಎಂಬ ಕೋಟೆಗೆ ಕಳಿಸಿದರು. ಕೋಟೆ ಅಂದರೆ ಮರದ ಬೇಲಿ ಅಷ್ಟೇ. 1625ರ ಜೂನ್‌ನಲ್ಲಿ ಅಲ್ಲಿ ಅವರಿಗೆ ಸಾರಾ ಹುಟ್ಟಿದಳು. ಆ ವಸಾಹತಿನಲ್ಲಿ ಹುಟ್ಟಿದ ಮೊದಲ ಯುರೋಪಿಯನ್ ಹೆಣ್ಣುಮಗು ಅಂತ ಅವಳನ್ನು ಗುರುತಿಸುತ್ತಾರೆ. ಆಮೇಲೆ ಇನ್ನೂ ಹತ್ತು ಮಕ್ಕಳು. ಸಂಸಾರ ಮ್ಯಾನ್‌ಹಟನ್‌ಗೆ ಇಳಿದು, ಅಲ್ಲಿಂದ ಬ್ರೂಕ್ಲಿನ್ನಿನ ವಾಲಬೌಟ್ ಕೊಲ್ಲಿಯ ಪಕ್ಕ ನೆಲೆ ನಿಂತಿತು. ಕ್ಯಾಟಲೀನಾ ಎಂಬತ್ತು ದಾಟಿ ಬದುಕಿದಳು. 1680ರ ದಶಕದಲ್ಲಿ ಇಂಗ್ಲಿಷ್ ಅಧಿಕಾರಿಗಳು ಅವಳ ಹತ್ತಿರ ಹೋಗಿ, ಮೊದಮೊದಲು ಇಲ್ಲಿ ಏನೇನಾಯಿತು ಅಂತ ಕೇಳಿ, ಹೇಳಿಕೆ ಬರೆಸಿಕೊಂಡರು. ಆ ಹೇಳಿಕೆ ಇವತ್ತಿಗೂ ಉಳಿದಿದೆ. ಮೊದಲ ವರ್ಷಗಳಲ್ಲಿ ಮೂಲನಿವಾಸಿಗಳು ಕುರಿಮರಿಗಳಷ್ಟು ಶಾಂತವಾಗಿ ನಮ್ಮ ಜೊತೆ ವ್ಯಾಪಾರ ಮಾಡುತ್ತಿದ್ದರು ಅಂತ ಅದರಲ್ಲಿ ಹೇಳಿದ್ದಾಳೆ. ಓದು ಬರಹ ಬಾರದ ಒಬ್ಬ ಹೆಂಗಸಿನ ನೆನಪೇ ಇವತ್ತು ಆ ವಸಾಹತಿನ ಹುಟ್ಟಿಗೆ ದೊಡ್ಡ ಸಾಕ್ಷಿ. ನನಗೆ ಇಡೀ ಈ ಇತಿಹಾಸದಲ್ಲಿ ತುಂಬ ಇಷ್ಟವಾದ ವ್ಯಕ್ತಿ ಇವಳೇ.

ಈ ಒಂದೇ ಜೋಡಿಯ ಸಂತತಿ ಇವತ್ತು ಹತ್ತು ಲಕ್ಷದ ಹತ್ತಿರ ಇರಬಹುದು ಅಂತ ಅಂದಾಜು. ನಿಮ್ಮ ಮೊಮ್ಮಗಳು ಅದರಲ್ಲಿ ಒಬ್ಬಳಾಗಿದ್ದರೆ ನನಗೇನೂ ಆಶ್ಚರ್ಯವಿಲ್ಲ. ಲೆಕ್ಕ ನೋಡಿ. 1650ರಿಂದ ಇಲ್ಲಿಗೆ ಹತ್ತಾರು ಅಲ್ಲ, ಬರೀ ಹನ್ನೊಂದು ಹನ್ನೆರಡು ತಲೆಮಾರು. ಹತ್ತು ತಲೆಮಾರು ಹಿಂದಕ್ಕೆ ಹೋದರೆ ಒಬ್ಬೊಬ್ಬರಿಗೂ 1024 ಪೂರ್ವಜರ ಜಾಗ. ‘ವ್ಯಾನ್’ ಹೆಸರು ತೋರಿಸುವುದು ಆ 1024ರಲ್ಲಿ ಒಬ್ಬನನ್ನು ಮಾತ್ರ. ಉಳಿದ 1023 ಜನ ಬೇರೆ ಹೆಸರುಗಳ ಕೆಳಗೆ ಕೂತಿದ್ದಾರೆ.

ರೂಸ್‌ವೆಲ್ಟ್ ವಿಷಯಕ್ಕೂ ಇದೇ ಲೆಕ್ಕ. ಆ ಮನೆತನದ ಮೂಲಪುರುಷ ಕ್ಲಾಸ್ ಮಾರ್ಟೆನ್ಸನ್ ವಾನ್ ರೋಸೆನ್‌ವೆಲ್ಟ್, 1650ಕ್ಕೆ ಮುಂಚೆಯೇ ಬಂದಿದ್ದ. ಅವನ ಮಗ ನಿಕೊಲಾಸ್. ನಿಕೊಲಾಸ್‌ನ ಒಬ್ಬ ಮಗ ಯೊಹಾನೆಸ್‌ನ ಕವಲಿನಲ್ಲಿ ಥಿಯೋಡರ್ ರೂಸ್‌ವೆಲ್ಟ್, ಇನ್ನೊಬ್ಬ ಮಗ ಯಾಕೋಬಸ್‌ನ ಕವಲಿನಲ್ಲಿ ಫ್ರಾಂಕ್ಲಿನ್ ರೂಸ್‌ವೆಲ್ಟ್. ಅಧ್ಯಕ್ಷರಿಬ್ಬರೂ ಐದನೇ ತಲೆಮಾರಿನ ದಾಯಾದಿಗಳು. ಕ್ಲಾಸ್‌ನ ಕಾಲದಲ್ಲಿ ನ್ಯೂ ಆಮ್‌ಸ್ಟರ್‌ಡ್ಯಾಂ (ಅದೇ ಇವತ್ತಿನ ನ್ಯೂಯಾರ್ಕ್) ಊರಿನ ಜನಸಂಖ್ಯೆ ಎರಡು ಸಾವಿರ ಕೂಡ ಇರಲಿಲ್ಲ. ಇಡೀ ವಸಾಹತು ಸೇರಿದರೆ ಕೊನೆಕೊನೆಗೆ ಒಂಬತ್ತು ಸಾವಿರದ ಆಸುಪಾಸು. ಅಷ್ಟೇ ಜನರ ನಡುವೆ ನೂರು ನೂರೈವತ್ತು ವರ್ಷ ಕೊಟ್ಟು ತಂದುಕೊಂಡರೆ ಯಾರು ಯಾರಿಗೆ ನೆಂಟರಾಗುವುದಿಲ್ಲ ಹೇಳಿ? ಬೀಗರ ಮಾತು ಸುಳ್ಳಾಗಿರಲಾರದು, ಆದರೆ ಯಾವ ಅಜ್ಜಿಯ ಕಡೆಯಿಂದ ಅಂತ ತೋರಿಸದೆ ವಂಶವೃಕ್ಷದಲ್ಲಿ ಬರೆಯುವ ಹಾಗಿಲ್ಲ.

ಈಗ ಹೆಸರಿನ ವಿಷಯಕ್ಕೆ ಬರೋಣ. ಜನ ಎಡವುವುದು ಇಲ್ಲೇ. ಆ ಕಾಲದ ಸಾಧಾರಣ ಡಚ್ ರೈತನಿಗೆ ಮನೆತನದ ಹೆಸರೇ ಇರಲಿಲ್ಲ. ಪೀಟರ್‌ನ ಮಗ ಯಾನ್ ಆದರೆ ‘ಯಾನ್ ಪೀಟರ್ಸನ್’, ಯಾನ್‌ನ ಮಗ ಕ್ಲಾಸ್ ಆದರೆ ‘ಕ್ಲಾಸ್ ಯಾನ್ಸನ್’. ತಲೆಮಾರಿಗೊಂದು ಹೆಸರು. ಒಂದೇ ಊರಲ್ಲಿ ಮೂವರು ಯಾನ್ ಪೀಟರ್ಸನ್ ಇದ್ದರೆ ಗುರುತಿಗೆ ಬಂದ ಊರನ್ನೋ ಕಸುಬನ್ನೋ ಸೇರಿಸುತ್ತಿದ್ದರು. ‘ವ್ಯಾನ್’ (ಡಚ್ಚರ ಬಾಯಲ್ಲಿ ‘ವಾನ್’) ಅಂದರೆ ‘ಇಂಥ ಊರಿನ’ ಅಂತ ಅಷ್ಟೇ. ನಮ್ಮಲ್ಲಿ ಊರಿನ ಹೆಸರು, ತಂದೆ ಹೆಸರು ಇನಿಷಿಯಲ್ ಆಗಿ ಕೂತು, ಅಮೆರಿಕಕ್ಕೆ ಹೋದ ಮೇಲೆ ಅದರಲ್ಲೊಂದು ಸರ್‌ನೇಮ್ ಆಗಿಬಿಡುತ್ತದಲ್ಲ, ಥೇಟ್ ಅದೇ ಆದದ್ದು. 1664ರಲ್ಲಿ ಇಂಗ್ಲಿಷರ ಆಳ್ವಿಕೆ ಬಂದ ಮೇಲೆ ಒಂದು ಸ್ಥಿರವಾದ ಹೆಸರು ಬೇಕಾಯಿತು. ಕೆಲವರು ಅಪ್ಪನ ಹೆಸರನ್ನೇ ಗಟ್ಟಿ ಮಾಡಿಕೊಂಡರು, ಕೆಲವರು ಊರಿನ ಹೆಸರು ಆರಿಸಿಕೊಂಡರು. ಅಣ್ಣ ಒಂದು, ತಮ್ಮ ಇನ್ನೊಂದು ಆರಿಸಿಕೊಂಡದ್ದೂ ಉಂಟು!

ಒಂದು ಉದಾಹರಣೆ ಹತ್ತಿರದಿಂದ ನೋಡಿ. ಪೀಟರ್ ಕ್ಲಾಸೆನ್ ಅಂತ ಒಬ್ಬ ಹುಡುಗ 1637ರಲ್ಲಿ ಬಂದ. ಇಷ್ಟು ವರ್ಷ ದುಡಿಯುತ್ತೇನೆ ಅಂತ ಕರಾರು ಬರೆದುಕೊಟ್ಟು ಬಂದ ಆಳು. ಆಮ್‌ಸ್ಟರ್‌ಡ್ಯಾಂನ ವಜ್ರದ ವ್ಯಾಪಾರಿ ಕಿಲಿಯಾನ್ ವಾನ್ ರೆನ್ಸೆಲಾರ್‌ಗೆ ಆಲ್ಬನಿಯ ಸುತ್ತ ದೊಡ್ಡ ಜಹಗೀರು ಇತ್ತು. (ಆ ಯಜಮಾನ ಒಂದು ಸಲವೂ ಅಮೆರಿಕಕ್ಕೆ ಕಾಲಿಡಲಿಲ್ಲ, ಎಲ್ಲ ಪತ್ರದಲ್ಲೇ ನಡೆಸಿದ.) ಅಲ್ಲಿ ಕರಾರು ಮುಗಿಸಿ ಪೀಟರ್ ಗ್ರೀತ್ಯೆ ವಾನ್ ನೆಸ್ ಎಂಬವಳನ್ನು ಮದುವೆಯಾದ. ಆಮೇಲೆ ಬ್ರೂಕ್ಲಿನ್ ಕಡೆಗೆ ಬಂದು ರೈತನಾಗಿ, ಊರಿನ ಮುಖಂಡರಲ್ಲಿ ಒಬ್ಬನಾದ. ಅವನಿದ್ದ ಮನೆ ಬ್ರೂಕ್ಲಿನ್ನಿನಲ್ಲಿ ಈಗಲೂ ನಿಂತಿದೆ. 1652ರ ಸುಮಾರಿಗೆ ಕಟ್ಟಿದ್ದು, ನ್ಯೂಯಾರ್ಕ್ ನಗರದ ಅತಿ ಹಳೆಯ ಮನೆ ಅಂತ ಹೆಸರಾಗಿದೆ, ಈಗ ಮ್ಯೂಸಿಯಂ. ಮೊಮ್ಮಗಳನ್ನು ತಪ್ಪದೆ ಕರೆದುಕೊಂಡು ಹೋಗಿ. ಇಂಗ್ಲಿಷರು ಬಂದ ಮೇಲೆ, ಬದುಕಿನ ಅರ್ಧಕ್ಕಿಂತ ಜಾಸ್ತಿ ಕಳೆದ ಮೇಲೆ, ಈತ ‘ವೈಕಾಫ್’ ಅಂತ ಹೆಸರಿಟ್ಟುಕೊಂಡ. ಇವತ್ತು ಅಮೆರಿಕದಲ್ಲಿ ಹತ್ತಾರು ಬಗೆಯ ಸ್ಪೆಲ್ಲಿಂಗಿನಲ್ಲಿರುವ ವೈಕಾಫ್‌ಗಳೆಲ್ಲ ತಮ್ಮ ಮೂಲ ಅಂತ ಹೇಳುವುದು ಇವನನ್ನೇ. ಈಗ ಯಾರಾದರೂ ವೈಕಾಫ್ ಎಂಬ ಹೆಸರು ಹಿಡಿದು 1637ರ ಹಡಗಿನ ಪಟ್ಟಿ ಹುಡುಕಿದರೆ ಏನು ಸಿಗುತ್ತದೆ? ಏನೂ ಸಿಗುವುದಿಲ್ಲ.

ವ್ಯಾನ್ ಬ್ಯೂರೆನ್ ಮನೆತನದ್ದೂ ಇದೇ ಕಥೆ. 1631ರಲ್ಲಿ ಬಂದವನ ಹೆಸರು ಕಾರ್ನೆಲಿಸ್ ಮಾಸೆನ್, ಮಾಸ್‌ನ ಮಗ ಅಂತ. ಮಕ್ಕಳ ಕಾಲಕ್ಕೆ ಊರಿನ ಹೆಸರು ಅಂಟಿಕೊಂಡಿತು. ಆ ಕವಲಿನಲ್ಲಿ 1782ರಲ್ಲಿ ಕಿಂಡರ್‌ಹುಕ್ ಎಂಬ ಹಳ್ಳಿಯಲ್ಲಿ ಹುಟ್ಟಿದ ಮಾರ್ಟಿನ್ ವ್ಯಾನ್ ಬ್ಯೂರೆನ್ ಅಮೆರಿಕದ ಎಂಟನೇ ಅಧ್ಯಕ್ಷರಾದರು. ಅವರ ಮನೆಮಾತು ಡಚ್, ಇಂಗ್ಲಿಷ್ ಆಮೇಲೆ ಕಲಿತದ್ದು. ಇಂಗ್ಲಿಷ್ ಮನೆಮಾತಲ್ಲದ ಅಮೆರಿಕ ಅಧ್ಯಕ್ಷರು ಇವರೊಬ್ಬರೇ. ಡಚ್ಚರ ಆಳ್ವಿಕೆ ಮುಗಿದು ನೂರು ವರ್ಷದ ಮೇಲಾಗಿತ್ತು, ಆದರೂ ಮನೆಯಲ್ಲಿ ಡಚ್ ನಡೆಯುತ್ತಿತ್ತು ಅನ್ನುವುದನ್ನು ಗಮನಿಸಿ.

ಅದು ಹೇಗೆ ಉಳಿಯಿತು? 1664ರಲ್ಲಿ ನಾಲ್ಕು ಇಂಗ್ಲಿಷ್ ಯುದ್ಧನೌಕೆಗಳು ಬಂದರಿನ ಮುಂದೆ ನಿಂತಾಗ ಗವರ್ನರ್ ಪೀಟರ್ ಸ್ಟೈವಸೆಂಟ್ ಕಾದಾಡಬೇಕು ಅಂತಲೇ ಇದ್ದ. ಊರಿನ ಜನ ಒಪ್ಪಲಿಲ್ಲ. ಕೊನೆಗೆ ಒಂದು ಗುಂಡೂ ಹಾರಿಸದೆ ಊರು ಒಪ್ಪಿಸಿದರು, ಆದರೆ ಷರತ್ತು ಹಾಕಿ ಒಪ್ಪಿಸಿದರು. ಆ ಒಪ್ಪಂದದಲ್ಲಿ 23 ಅಂಶಗಳಿದ್ದವು. ಎಂಟನೆಯದು: ಡಚ್ಚರು ತಮ್ಮ ಪೂಜೆ, ಚರ್ಚಿನ ನಡಾವಳಿಯನ್ನು ತಮ್ಮಿಷ್ಟದಂತೆ ಇಟ್ಟುಕೊಳ್ಳಬಹುದು. ಹನ್ನೊಂದನೆಯದು: ಆಸ್ತಿ ಪಾಲಿನ ವಿಷಯದಲ್ಲಿ ತಮ್ಮದೇ ಪದ್ಧತಿ ನಡೆಸಬಹುದು. ಈ ಎರಡು ಸಾಲುಗಳೇ ನಿಮ್ಮ ಮೊಮ್ಮಗಳ ಹೋಂವರ್ಕಿಗೆ ಇವತ್ತು ದಾರಿ ಮಾಡಿಕೊಟ್ಟಿರುವುದು ಅಂದರೆ ತಪ್ಪಿಲ್ಲ. 1673ರಲ್ಲಿ ಡಚ್ಚರು ಊರನ್ನು ಮತ್ತೆ ಗೆದ್ದರು, ಮರುವರ್ಷವೇ ಒಪ್ಪಂದದಲ್ಲಿ ಬಿಟ್ಟುಕೊಟ್ಟರು. ಅದು ಇಲ್ಲಿ ಮುಖ್ಯವಲ್ಲ.

ಡಚ್ ಪದ್ಧತಿಯಲ್ಲಿ ಮದುವೆಯಾದ ಹೆಂಗಸು ತವರಿನ ಹೆಸರು ಬಿಡುತ್ತಿರಲಿಲ್ಲ. ಗಂಡ ಹೆಂಡತಿ ಒಟ್ಟಿಗೇ ಕೂತು ಒಂದೇ ಉಯಿಲು ಬರೆಸುತ್ತಿದ್ದರು. ಒಬ್ಬರು ಹೋದರೆ ಇನ್ನೊಬ್ಬರ ಕೈಯಲ್ಲಿ ಆಸ್ತಿ. ಹೆಣ್ಣುಮಕ್ಕಳಿಗೂ ಗಂಡುಮಕ್ಕಳಿಗೂ ಸಮಪಾಲು. ಮಾರ್ಗರೆಟ್ ಹಾರ್ಡನ್‌ಬ್ರೂಕ್ ಎಂಬವಳು ತನ್ನ ಹೆಸರಲ್ಲೇ ವ್ಯಾಪಾರ ಮಾಡಿ, ಹಡಗು ಇಟ್ಟುಕೊಂಡು, ಶ್ರೀಮಂತಳಾದವಳು. ಇಂಗ್ಲಿಷ್ ಕಾನೂನು ಬಂದ ಮೇಲೆ ಅವಳ ಆಸ್ತಿ ವ್ಯವಹಾರಕ್ಕೆ ಗಂಡನ ಹೆಸರು ಬೇಕಾಯಿತು. ಇಂಗ್ಲಿಷರಲ್ಲಿ ಮದುವೆಯಾದ ಹೆಂಗಸಿಗೆ ಕಾನೂನಿನ ಎದುರು ಬೇರೆ ಅಸ್ತಿತ್ವವೇ ಇರಲಿಲ್ಲ. 1700ರ ಹೊತ್ತಿಗೆ ಡಚ್ಚರ ಉಯಿಲುಗಳೂ ನಿಧಾನಕ್ಕೆ ಇಂಗ್ಲಿಷ್ ಧಾಟಿಗೆ ತಿರುಗಿದವು. ನನ್ನ ಕೇಳಿದರೆ ಆ ಊರು ಕೈಬದಲಾದಾಗ ಎಲ್ಲರಿಗಿಂತ ಜಾಸ್ತಿ ಕಳೆದುಕೊಂಡವರು ಹೆಂಗಸರೇ.

ಆದರೆ ಚರ್ಚಿನ ಪುಸ್ತಕ ಮಾತ್ರ ಬದಲಾಗಲಿಲ್ಲ! ಡಚ್ ರಿಫಾರ್ಮ್ಡ್ ಚರ್ಚಿನ ದೀಕ್ಷಾಸ್ನಾನದ ರಿಜಿಸ್ಟರ್ ತೆಗೆದರೆ ಒಂದೊಂದು ಸಾಲಿನಲ್ಲೂ ನಾಲ್ಕು ಸಂಗತಿ ಇರುತ್ತವೆ. ತಾರೀಖು, ತಂದೆ ತಾಯಿ, ಮಗುವಿನ ಹೆಸರು, ಸಾಕ್ಷಿಗಳು. ತಾಯಿಯ ಹೆಸರು ತವರಿನ ಹೆಸರಿನ ಜೊತೆಗೇ ಇರುತ್ತದೆ. ಸಾಕ್ಷಿಗಳು ಸುಮ್ನೆ ಬಂದು ನಿಂತವರಲ್ಲ. ಬಹಳ ಸಲ ಅಜ್ಜ, ಅಜ್ಜಿ, ಸೋದರಮಾವ, ಅತ್ತೆ ಇಂಥವರು. ಯಾವ ಯಾನ್ ಪೀಟರ್ಸನ್ ಅಂತ ಗೊತ್ತಾಗದೆ ಒದ್ದಾಡುವಾಗ ಸಾಕ್ಷಿಯ ಹೆಸರು ನೋಡಿದರೆ ಗಂಟು ಬಿಚ್ಚಿಕೊಳ್ಳುತ್ತದೆ. ಇನ್ನೊಂದು ಸಹಾಯ: ಮಕ್ಕಳಿಗೆ ಅಜ್ಜ ಅಜ್ಜಿಯ ಹೆಸರಿಡುವ ರೂಢಿ ಬಲವಾಗಿತ್ತು. ಮೊದಲ ಇಬ್ಬರು ಗಂಡುಮಕ್ಕಳಿಗೆ ಇಬ್ಬರು ತಾತಂದಿರ ಹೆಸರು, ಮೊದಲ ಇಬ್ಬರು ಹೆಣ್ಣುಮಕ್ಕಳಿಗೆ ಇಬ್ಬರು ಅಜ್ಜಿಯರ ಹೆಸರು ಬರುವುದು ಸಾಮಾನ್ಯ. ಮಗು ತೀರಿಕೊಂಡರೆ ಅದೇ ಹೆಸರನ್ನು ಮುಂದಿನ ಮಗುವಿಗೆ ಇಡುತ್ತಿದ್ದರು. ಹಾಗಾಗಿ ಒಂದೇ ಮನೆಯಲ್ಲಿ ಆನೆಕೆ ಅಂತ ಎರಡು ಹೆಣ್ಣುಮಕ್ಕಳು ಕಂಡರೆ ಗಾಬರಿಯಾಗಬೇಡಿ, ಮೊದಲನೆಯದು ಬದುಕಲಿಲ್ಲ ಅಂತ ತಿಳಿಯಿರಿ. ಇದೆಲ್ಲ ನಿಯಮ ಅಲ್ಲ, ರೂಢಿ. ಸುಳಿವಿಗೆ ಬಳಸಿ, ಪುರಾವೆ ಅಂತ ಬಳಸಬೇಡಿ.

ನ್ಯೂ ಆಮ್‌ಸ್ಟರ್‌ಡ್ಯಾಂ ಚರ್ಚಿನ ದಾಖಲೆ 1639ರಿಂದ ಸಿಗುತ್ತದೆ. ಕಿಂಗ್‌ಸ್ಟನ್‌ದು 1660ರಿಂದ, ಹ್ಯಾಕೆನ್‌ಸ್ಯಾಕ್‌ದು 1686ರಿಂದ. ಆಲ್ಬನಿಯದು 1683ಕ್ಕಿಂತ ಹಿಂದಿನದು ಉಳಿದಿಲ್ಲ, ಆ ಕಡೆಯ ಮನೆತನಗಳಿಗೆ ಕೋರ್ಟಿನ ಕಾಗದ, ಜಮೀನಿನ ಪತ್ರವೇ ಗತಿ. ಬ್ರೂಕ್ಲಿನ್ ಇರುವ ಕಿಂಗ್ಸ್ ಕೌಂಟಿಯವರಿಗೆ ಒಂದು ಅದೃಷ್ಟವಿದೆ. 1687ರಲ್ಲಿ ಅಲ್ಲಿನ ಗಂಡಸರೆಲ್ಲ ಇಂಗ್ಲಿಷ್ ರಾಜನಿಗೆ ನಿಷ್ಠೆಯ ಪ್ರಮಾಣ ಮಾಡಬೇಕಾಯಿತು. ಆ ಪಟ್ಟಿಯಲ್ಲಿ ಒಬ್ಬೊಬ್ಬರ ಹೆಸರಿನ ಮುಂದೆ ಈ ದೇಶಕ್ಕೆ ಬಂದು ಎಷ್ಟು ವರ್ಷವಾಯಿತು, ಇಲ್ಲೇ ಹುಟ್ಟಿದವನಾದರೆ ‘ಇಲ್ಲಿಯವ’ ಅಂತ ಬರೆದಿದೆ. ಬೀಗರ ಹಿರಿಯರು 1650ರಲ್ಲಿ ಬಂದದ್ದು ಹೌದಾದರೆ, ಬ್ರೂಕ್ಲಿನ್ ಕಡೆ ಇದ್ದವರಾದರೆ, ಅಲ್ಲಿ ನೋಡಿ.

ಸರ್ಕಾರಿ ಕಾಗದಗಳದ್ದು ಬೇರೆಯೇ ಕಥೆ. 1911ರಲ್ಲಿ ಆಲ್ಬನಿಯ ರಾಜ್ಯ ಗ್ರಂಥಾಲಯಕ್ಕೆ ಬೆಂಕಿ ಬಿತ್ತು. ಡಚ್ ಕಡತಗಳು ಕೆಳಗಿನ ಕಪಾಟುಗಳಲ್ಲಿದ್ದವು, ಮೇಲಿನ ಇಂಗ್ಲಿಷ್ ಕಡತಗಳು ಸುಟ್ಟು ಇವುಗಳ ಮೇಲೆ ಬಿದ್ದು ಕಾಪಾಡಿದವು. ವಾನ್ ಲಾರ್ ಎಂಬ ವಿದ್ವಾಂಸ ಆಗ ಮಾಡುತ್ತಿದ್ದ ಅನುವಾದಗಳು ಮಾತ್ರ ಬೂದಿಯಾದವು. 1974ರಿಂದ ಚಾರ್ಲ್ಸ್ ಗೆರಿಂಗ್ ಎಂಬವರು ಸುಮಾರು 12,000 ಪುಟಗಳ ಆ ಕಡತಗಳ ಅನುವಾದವನ್ನು ಕೈಗೆತ್ತಿಕೊಂಡರು. ಹದಿನೇಳನೇ ಶತಮಾನದ ಡಚ್ ಕೈಬರಹ ಓದಬಲ್ಲವರು ಹಾಲೆಂಡಿನಲ್ಲೇ ಕಮ್ಮಿ. ಇಂಥವರು ಇಡೀ ಆಯುಷ್ಯ ಒಂದೇ ಕೆಲಸಕ್ಕೆ ಕೊಟ್ಟದ್ದರಿಂದ ಇವತ್ತು ನಾವು ಮನೆಯಲ್ಲಿ ಕೂತು ಇಂಗ್ಲಿಷಿನಲ್ಲಿ ಓದುತ್ತಿದ್ದೇವೆ.

ಮ್ಯಾನ್‌ಹಟನ್ ಜಮೀನಿಗೆ ಬರುತ್ತೇನೆ. ಬೀಗರು ಹೇಳುತ್ತಿರುವುದು ಬಹುಶಃ ಆನೆಕೆ ಯಾನ್ಸ್ ಕಥೆ. ಈಕೆ ಹಾಲೆಂಡಿನ ರಾಜನ ಮೊಮ್ಮಗಳು, ಬಡವನನ್ನು ಮದುವೆಯಾದಳೆಂದು ತಾತ ಮುನಿಸಿಕೊಂಡು ಆಸ್ತಿಯನ್ನು ಏಳನೇ ತಲೆಮಾರಿಗೆ ಬರೆದಿಟ್ಟ, ಹೀಗೆಲ್ಲ ಕಥೆ ಹಬ್ಬಿದೆ. ಆನೆಕೆ ನಾರ್ವೆಯ ಫ್ಲೆಕೆರೊಯ್ ಎಂಬ ಪುಟ್ಟ ದ್ವೀಪದವಳು. ತಾಯಿ ಟ್ರೈನ್ ಯೋನಾಸ್ ಕಂಪನಿಯ ಸೂಲಗಿತ್ತಿ. ಗಂಡ ರೂಲೋಫ್ ಯಾನ್ಸನ್ ಜೊತೆ 1630ರಲ್ಲಿ ಬಂದಳು. 1636ರಲ್ಲಿ ಅವನಿಗೆ ಮ್ಯಾನ್‌ಹಟನ್‌ನ ಪಶ್ಚಿಮ ಅಂಚಿನಲ್ಲಿ 62 ಎಕರೆ ಸಿಕ್ಕಿತು. ಸ್ವಲ್ಪ ದಿನಕ್ಕೇ ಅವನು ತೀರಿಕೊಂಡ. ಆಮೇಲೆ ಅವಳು ಊರಿನ ಪಾದ್ರಿ ಎವರಾರ್ಡಸ್ ಬೊಗಾರ್ಡಸ್‌ನನ್ನು ಮದುವೆಯಾದಳು. ಅವನೂ 1647ರಲ್ಲಿ, ಯುರೋಪಿಗೆ ಹೊರಟ ಹಡಗು ವೇಲ್ಸ್ ಹತ್ತಿರ ಒಡೆದು ಮುಳುಗಿ ಸತ್ತ. ಎರಡು ಸಲ ವಿಧವೆಯಾದ ಆನೆಕೆ 1663ರಲ್ಲಿ ಆಲ್ಬನಿಯಲ್ಲಿ ಉಯಿಲು ಬರೆಸಿ ಕಣ್ಣು ಮುಚ್ಚಿದಳು. ಎರಡೂ ಮದುವೆಯ ಮಕ್ಕಳಿಗೆ ಹಂಚಿದ ಆ ಉಯಿಲು ಉಳಿದಿದೆ. ಅದರಲ್ಲಿ ರಾಜನೂ ಇಲ್ಲ, ಏಳನೇ ತಲೆಮಾರೂ ಇಲ್ಲ.

1671ರಲ್ಲಿ ವಾರಸುದಾರರು ಆ ಜಮೀನನ್ನು ಇಂಗ್ಲಿಷ್ ಗವರ್ನರ್ ಲವ್‌ಲೇಸ್‌ಗೆ ಮಾರಿದರು. ತೊಡಕು ಏನೆಂದರೆ ತೀರಿಕೊಂಡ ಮಗ ಕಾರ್ನೆಲಿಸ್ ಬೊಗಾರ್ಡಸ್‌ನ ಕಡೆಯವರು ಪತ್ರಕ್ಕೆ ಸಹಿ ಹಾಕಿರಲಿಲ್ಲ. 1705ರಲ್ಲಿ ರಾಣಿ ಆನ್ ಅದನ್ನು ಟ್ರಿನಿಟಿ ಚರ್ಚಿಗೆ ಕೊಟ್ಟಳು. ಆಮೇಲೆ ಊರು ಬೆಳೆದು ಆ ನೆಲ ಚಿನ್ನವಾಯಿತು. ಸಹಿ ಹಾಕದ ಕವಲಿನವರು ತಲೆಮಾರುಗಟ್ಟಲೆ ಕೋರ್ಟು ಹತ್ತಿದರು. 1847ರಲ್ಲಿ ನ್ಯೂಯಾರ್ಕ್ ಕೋರ್ಟು ತೀರ್ಪು ಕೊಟ್ಟಿತು. ನೂರಕ್ಕೂ ಜಾಸ್ತಿ ವರ್ಷದಿಂದ ಚರ್ಚಿನ ಸ್ವಾಧೀನದಲ್ಲಿದೆ, ಕಾಲ ಮೀರಿದೆ, ಹಕ್ಕಿಲ್ಲ. ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ‘ಆನೆಕೆ ಯಾನ್ಸ್ ವಾರಸುದಾರರ ಸಂಘ’ ಅಂತ ಅಲ್ಲಲ್ಲಿ ಶುರುವಾಗಿ, ಕೋಟಿಗಟ್ಟಲೆ ಹಂಚಿಕೆ ಇನ್ನೇನು ಬಂತು ಅಂತ ಹೇಳಿ, ಸಾಮಾನ್ಯ ಜನರಿಂದ ಸದಸ್ಯತ್ವದ ಹಣ ಕಿತ್ತರು. ಇಪ್ಪತ್ತನೇ ಶತಮಾನದವರೆಗೂ ಇದು ನಡೆಯಿತು. ಆ ಆಸೆಗೆ ಬೇಕಾಗಿ ತಯಾರಾದ ಸುಳ್ಳು ವಂಶಾವಳಿಗಳು ಇಂದಿಗೂ ಮನೆಮನೆಯ ಕಾಗದಗಳಲ್ಲಿ, ಇಂಟರ್‌ನೆಟ್ಟಿನಲ್ಲಿ ಸುತ್ತುತ್ತಿವೆ. ಹಾಗಾಗಿ ನಿಮ್ಮ ಬೀಗರ ಹತ್ತಿರ ಹಳೇ ಟೈಪ್ ಮಾಡಿದ ವಂಶಾವಳಿ ಇದ್ದು, ಅದರ ತುದಿಯಲ್ಲಿ ರಾಜನೊಬ್ಬ ಕೂತಿದ್ದರೆ, ದಯವಿಟ್ಟು ಅದನ್ನು ಆಧಾರ ಮಾಡಿಕೊಳ್ಳಬೇಡಿ. ಗೋಡೆಯ ಲಾಂಛನದ್ದೂ ಹೀಗೇ. ಹೆಸರು ಹೇಳಿದರೆ ಲಾಂಛನ ಅಚ್ಚು ಹಾಕಿ ಕೊಡುವ ಅಂಗಡಿಗಳು ಬೇಕಾದಷ್ಟಿವೆ. ಕರಾರಿನ ಆಳಾಗಿ ಬಂದ ರೈತನಿಗೆ ಎಲ್ಲಿಯ ಲಾಂಛನ?

ಸಾಮರ್‌ಸೆಟ್ ಅಂದಿದ್ದಕ್ಕೆ ಇನ್ನೊಂದು ಮಾತು. ರಾರಿಟನ್ ನದಿಯ ಬಯಲಿಗೆ ಡಚ್ಚರು ನೇರ ಹಾಲೆಂಡಿನಿಂದ ಬಂದದ್ದಲ್ಲ. 1680ರ ದಶಕದಿಂದ ಲಾಂಗ್ ಐಲೆಂಡ್, ಬ್ರೂಕ್ಲಿನ್ ಕಡೆ ಜಮೀನು ಸಾಲದೆ ಅಲ್ಲಿನವರ ಮಕ್ಕಳು ಇತ್ತ ಬಂದರು. ರಾರಿಟನ್ ಚರ್ಚಿನ ದೀಕ್ಷಾಸ್ನಾನಗಳು 1699ರಿಂದ ದಾಖಲಾಗಿವೆ. 1720ರಲ್ಲಿ ಅಲ್ಲಿಗೆ ಬಂದ ಪಾದ್ರಿ ಥಿಯೊಡೊರಸ್ ಫ್ರೆಲಿಂಗ್‌ಹೈಸನ್ ಜರ್ಮನ್ ನಾಡಿನಲ್ಲಿ ಹುಟ್ಟಿದವರು. ಅವರ ಮನೆತನದವರು ತಲೆಮಾರುಗಟ್ಟಲೆ ನ್ಯೂಜೆರ್ಸಿ ರಾಜಕೀಯದಲ್ಲಿದ್ದರು. ಈಗ ನಮ್ಮ ಕನ್ನಡದ ಮಕ್ಕಳೂ ಓದುವ ರಟ್ಗರ್ಸ್ ವಿಶ್ವವಿದ್ಯಾಲಯ 1766ರಲ್ಲಿ ಇದೇ ಡಚ್ ಚರ್ಚಿನವರು ಪಾದ್ರಿಗಳ ತರಬೇತಿಗೆ ಶುರು ಮಾಡಿದ ಕಾಲೇಜು. ಹಾಗಾಗಿ ನೀವು ಅಳಿಯನ ಕಡೆಯಿಂದ ಹಿಂದೆ ಹಿಂದೆ ಹೋದಂತೆ ದಾರಿ ಬಹುತೇಕ ಬ್ರೂಕ್ಲಿನ್ನಿನ ಕಡೆ ತಿರುಗುತ್ತದೆ.

ಹಾಗೆ ಹೋಗುವ ಮೊದಲು ಒಂದು ಪರೀಕ್ಷೆ ಮಾಡಿಕೊಳ್ಳಿ. ‘ವ್ಯಾನ್’ ಇದ್ದ ಮಾತ್ರಕ್ಕೆ 1650ರವರಾಗಬೇಕಿಲ್ಲ. 1847ರಲ್ಲಿ ಮಿಷಿಗನ್‌ನ ಹಾಲೆಂಡ್ ಊರಿಗೂ ಅಯೋವಾದ ಪೆಲ್ಲಾಕ್ಕೂ ಬೇರೆಯೇ ಡಚ್ ತಂಡಗಳು ಬಂದವು. ಇವತ್ತಿನ ಎಷ್ಟೋ ‘ವ್ಯಾನ್’ಗಳು ಆ ಕಡೆಯವರು. ಮುತ್ತಾತ ಎಲ್ಲಿ ಹುಟ್ಟಿದರು ಅಂತ ಹಳೇ ಜನಗಣತಿಯಲ್ಲಿ ನೋಡಿ. ಮಿಷಿಗನ್ ಅಂತ ಬಂದರೆ ಕಥೆ ಬೇರೆ. ‘ಪೆನ್ಸಿಲ್ವೇನಿಯಾ ಡಚ್’ ಅನ್ನುವವರಂತೂ ಜರ್ಮನರು, ಇದಕ್ಕೂ ಅದಕ್ಕೂ ಸಂಬಂಧವಿಲ್ಲ. ಡಿಎನ್‌ಎ ಪರೀಕ್ಷೆ ಮಾಡಿಸೋಣವಾ ಅಂತ ಕೇಳಬಹುದು. ಸಾಮಾನ್ಯ ಪರೀಕ್ಷೆ ಹತ್ತು ತಲೆಮಾರು ಹಿಂದಿನ ಒಬ್ಬರನ್ನು ತೋರಿಸಲಾರದು. ಗಂಡಸಿನಿಂದ ಗಂಡಸಿಗೆ ಇಳಿಯುವ ವೈ ಕ್ರೋಮೊಸೋಮಿನ ಪರೀಕ್ಷೆ ಮನೆತನದ ಹೆಸರಿನ ಸಾಲಿಗೆ ಮಾತ್ರ ಉಪಯೋಗ. ಕಾಗದ ನೋಡದೆ ಗತ್ಯಂತರವಿಲ್ಲ.

ಕಾಗದ ನೋಡುವಾಗ ಮನಸ್ಸಿಗೆ ಕಷ್ಟವಾಗುವ ಹೆಸರುಗಳೂ ಸಿಗುತ್ತವೆ, ಅವನ್ನು ಹಾರಿಸಿಕೊಂಡು ಹೋಗಬೇಡಿ. ಈ ನೆಲ ಲೆನಾಪೆ ಜನರದ್ದು. 1643ರ ಫೆಬ್ರವರಿಯ ಒಂದು ರಾತ್ರಿ ಗವರ್ನರ್ ಕೀಫ್ಟ್ ಕಳಿಸಿದ ಸೈನಿಕರು ಇವತ್ತಿನ ಜೆರ್ಸಿ ಸಿಟಿ ಇರುವ ಕಡೆಯೂ ಮ್ಯಾನ್‌ಹಟನ್‌ನಲ್ಲೂ, ಬೇರೆ ಬುಡಕಟ್ಟಿನವರಿಗೆ ಹೆದರಿ ಆಸರೆ ಕೇಳಿ ಬಂದಿದ್ದ ಮೂಲನಿವಾಸಿಗಳನ್ನು, ಹೆಂಗಸರು ಮಕ್ಕಳೆನ್ನದೆ ನೂರಕ್ಕೂ ಜಾಸ್ತಿ ಜನರನ್ನು ಕೊಂದರು. ಕ್ಯಾಟಲೀನಾ ನೆನಪಿಸಿಕೊಂಡ ಶಾಂತಿಯ ದಿನಗಳು ಅಲ್ಲಿಗೆ ಮುಗಿದವು.

ಕಂಪನಿ ಆಫ್ರಿಕಾದಿಂದ ಗುಲಾಮರನ್ನೂ ತಂದಿತ್ತು. 1644ರಲ್ಲಿ ಅವರಲ್ಲಿ ಹನ್ನೊಂದು ಗಂಡಸರು ಅರ್ಜಿ ಹಾಕಿ ಬಿಡುಗಡೆ ಪಡೆದರು. ಪಾವ್ಲೊ ಡಿ ಅಂಗೋಲಾ, ಸೈಮನ್ ಕಾಂಗೊ ಅಂತೆಲ್ಲ ಅವರ ಹೆಸರುಗಳು ದಾಖಲೆಯಲ್ಲಿವೆ. ಆದರೆ ಅದು ಅರ್ಧ ಬಿಡುಗಡೆ. ವರ್ಷ ವರ್ಷ ಕಂಪನಿಗೆ ಕಪ್ಪ ಕೊಡಬೇಕು, ಅವರ ಮಕ್ಕಳು ಮಾತ್ರ ಗುಲಾಮರಾಗಿಯೇ ಉಳಿಯಬೇಕು. ಇಂಗ್ಲಿಷರ ಕಾಲದಲ್ಲಿ ಇದು ಇನ್ನೂ ಹೆಚ್ಚಿತು. 1790ರ ಜನಗಣತಿಯಲ್ಲಿ ಕಿಂಗ್ಸ್ ಕೌಂಟಿಯ ಜನರಲ್ಲಿ ಸುಮಾರು ಮೂರನೇ ಒಂದು ಭಾಗ ಗುಲಾಮರು. ಇಟ್ಟುಕೊಂಡವರಲ್ಲಿ ಹೆಚ್ಚಿನವರು ಡಚ್ ರೈತರೇ.

ಗುಲಾಮಗಿರಿಯ ವಿರುದ್ಧ ಆಮೇಲೆ ದೇಶವೆಲ್ಲ ಸುತ್ತಿ ಮಾತಾಡಿದ ಸೊಜರ್ನರ್ ಟ್ರೂತ್ 1797ರ ಸುಮಾರಿಗೆ ನ್ಯೂಯಾರ್ಕಿನ ಅಲ್ಸ್ಟರ್ ಕೌಂಟಿಯಲ್ಲಿ ಹಾರ್ಡನ್‌ಬರ್ಗ್ ಎಂಬ ಡಚ್ ಮನೆತನದಲ್ಲಿ ಗುಲಾಮಳಾಗಿ ಹುಟ್ಟಿದವರು. ಆಗ ಹೆಸರು ಇಸಬೆಲ್ಲಾ. ಅವರ ಮನೆಮಾತೂ ಡಚ್, ಅಧ್ಯಕ್ಷ ವ್ಯಾನ್ ಬ್ಯೂರೆನ್‌ದು ಇದ್ದ ಹಾಗೆ. ಒಂಬತ್ತನೇ ವಯಸ್ಸಿನಲ್ಲಿ ಒಂದು ಕುರಿಮಂದೆಯ ಜೊತೆ ಸೇರಿಸಿ 100 ಡಾಲರಿಗೆ ಮಾರಿದರು. ಕೊಂಡವರಿಗೆ ಇಂಗ್ಲಿಷ್ ಬಿಟ್ಟು ಬೇರೆ ಬರುತ್ತಿರಲಿಲ್ಲ. ಹುಡುಗಿಗೆ ಹೇಳಿದ್ದು ಅರ್ಥವಾಗದೆ ಬೇರೇನೋ ತಂದುಕೊಟ್ಟರೆ ಹೊಡೆಯುತ್ತಿದ್ದರು. ನಾನು ಡಚ್ ಅಮೆರಿಕನ್ನರ ಬಗ್ಗೆ ಯಾರಿಗೇ ಹೇಳುವಾಗಲೂ ಈ ಮಗುವನ್ನು ಬಿಟ್ಟು ಹೇಳುವುದಿಲ್ಲ. ಆ ಭಾಷೆ, ಆ ಊಟ, ಆ ಹಬ್ಬ ಇವರದ್ದೂ ಹೌದು. ಡಚ್ಚರ ಪಿಂಕ್‌ಸ್ಟರ್ ಹಬ್ಬವನ್ನು ಕೊನೆಗೆ ಹಾಡು ಕುಣಿತದಲ್ಲಿ ಉಳಿಸಿಕೊಂಡು ಬಂದವರು ಆಫ್ರಿಕನ್ ಮೂಲದವರೇ. ಇವತ್ತು ಡಚ್ ಹೆಸರುಳ್ಳ ಎಷ್ಟೋ ಕಪ್ಪು ಕುಟುಂಬಗಳು ಅಲ್ಲಿವೆ.

ನ್ಯೂಜೆರ್ಸಿಯಲ್ಲಿ 1804ರ ಕಾನೂನಿನಂತೆ ಗುಲಾಮ ತಾಯಂದಿರಿಗೆ ಹುಟ್ಟಿದ ಮಕ್ಕಳ ಹೆಸರನ್ನು ಯಜಮಾನ ಕೌಂಟಿ ಕಚೇರಿಯಲ್ಲಿ ಬರೆಸಬೇಕಿತ್ತು. ಆ ಕಾಲದ ಉಯಿಲುಗಳಲ್ಲೂ ಹಾಸಿಗೆ, ಹಸು, ಗಾಡಿಯ ಸಾಲಿನಲ್ಲಿ ಮನುಷ್ಯರ ಹೆಸರು ಬರುತ್ತದೆ. ಅಳಿಯನ ಹಿರಿಯರ ಉಯಿಲಿನಲ್ಲಿ ಅಂಥ ಹೆಸರು ಕಂಡರೆ ಮೊಮ್ಮಗಳು ಅದನ್ನೂ ಬರೆದಿಟ್ಟುಕೊಳ್ಳಲಿ. ತಮ್ಮ ಅಜ್ಜಿಯನ್ನು ಹುಡುಕುತ್ತಿರುವ ಇನ್ನೊಂದು ಕುಟುಂಬಕ್ಕೆ ಆ ಒಂದು ಹೆಸರು ಬಿಟ್ಟರೆ ಬೇರೆ ದಾರಿಯೇ ಇರುವುದಿಲ್ಲ, ಎಷ್ಟೋ ಸಲ.

ಇನ್ನು ಕೆಲಸಕ್ಕೆ ಕೂತುಕೊಳ್ಳಿ. ಇವತ್ತಿನಿಂದ ಹಿಂದಕ್ಕೆ ಹೋಗಿ, 1650ರಿಂದ ಮುಂದಕ್ಕೆ ಬರಬೇಡಿ. ಅಳಿಯ, ಅವರ ತಂದೆ ತಾಯಿ, ಅವರ ತಂದೆ ತಾಯಿ, ಹೀಗೆ ಒಂದೊಂದು ಮೆಟ್ಟಿಲಿಗೂ ಒಂದು ಕಾಗದ. 1850ರ ಜನಗಣತಿಯವರೆಗೆ ಸುಲಭ, ಮನೆಯವರೆಲ್ಲರ ಹೆಸರೂ ಅದರಲ್ಲಿದೆ. ಅದಕ್ಕಿಂತ ಹಿಂದೆ ಯಜಮಾನನ ಹೆಸರು ಮಾತ್ರ, ಅಲ್ಲಿಂದ ಚರ್ಚು ಮತ್ತು ಉಯಿಲು. 1752ಕ್ಕಿಂತ ಹಿಂದಿನ ತಾರೀಖುಗಳಲ್ಲಿ ಹತ್ತು ಹನ್ನೊಂದು ದಿನದ ವ್ಯತ್ಯಾಸ ಕಂಡರೆ ತಲೆ ಕೆಡಿಸಿಕೊಳ್ಳಬೇಡಿ. ಡಚ್ಚರದ್ದು ಹೊಸ ಪಂಚಾಂಗ, ಇಂಗ್ಲಿಷರದ್ದು ಹಳೇದು. ರಾರಿಟನ್ ಚರ್ಚಿನ ಪುಸ್ತಕದಲ್ಲಿ ಅಳಿಯನ ಮನೆತನದ ಮೊದಲ ದೀಕ್ಷಾಸ್ನಾನ ಸಿಕ್ಕಿದ ದಿನ, ಅಪ್ಪನ ಹೆಸರಿನ ಜೊತೆಗೆ ತಾಯಿಯ ತವರಿನ ಹೆಸರು ಮತ್ತು ಇಬ್ಬರು ಸಾಕ್ಷಿಗಳ ಹೆಸರನ್ನು ಇದ್ದ ಸ್ಪೆಲ್ಲಿಂಗಿನಲ್ಲೇ ಬರೆದು ನನಗೆ ಕಳಿಸಿ. ಅಲ್ಲಿಂದ ಬ್ರೂಕ್ಲಿನ್ನಿಗೆ ಹೋಗುವ ದಾರಿ ನಾನು ತೋರಿಸುತ್ತೇನೆ.